ಗ್ರಾಹಕ ಆಯೋಗ: ಆದೇಶ ಬಂದ ಮೇಲೆ ಸೆಕ್ಷನ್ 72 ಬಿಡಬೇಡಿ

ಬೆಂಗಳೂರಿನಲ್ಲಿ ಗ್ರಾಹಕ ಆಯೋಗಕ್ಕೆ ಹೋಗಬೇಕಾ ಬೇಡ್ವಾ ಅಂತ ಯೋಚಿಸುತ್ತಿರುವವರಿಗೆ ನನ್ನ ಉತ್ತರ: ಹೋಗಿ. 5ಕ್ಕೆ 4 ಸ್ಟಾರ್ ಕೊಡುತ್ತೇನೆ. ಒಂದು ಸ್ಟಾರ್ ಕಡಿಮೆ ಮಾಡಿದ್ದು ವಾಯಿದೆ ಮೇಲೆ ವಾಯಿದೆ ಬೀಳುವುದಕ್ಕೆ.

ನಮ್ಮ ಮನೆಗೆ ಮಾಡ್ಯುಲರ್ ಕಿಚನ್ ಮಾಡಿಕೊಡುತ್ತೇವೆ ಎಂದು ಒಂದು ಇಂಟೀರಿಯರ್ ಕಂಪನಿ ಮುಂಗಡ ತೆಗೆದುಕೊಂಡು ಕೈಕೊಟ್ಟಿತು. ದೂರನ್ನು ಆನ್‌ಲೈನ್‌ನಲ್ಲೇ ಹಾಕಿದೆವು. ಕೊಟ್ಟ ಹಣ 5 ಲಕ್ಷದ ಒಳಗಿದ್ದರೆ ಶುಲ್ಕ ಇಲ್ಲ, ವಕೀಲರು ಬೇಕೇ ಬೇಕು ಅಂತಲೂ ಇಲ್ಲ. ಆದೇಶ ನಮ್ಮ ಪರ ಬಂತು, ಬಡ್ಡಿ ಸಮೇತ ಹಣ ವಾಪಸ್ ಕೊಡಿ ಅಂತ. ಕಂಪನಿ ಅಪೀಲೂ ಹಾಕಲಿಲ್ಲ, ಹಣವನ್ನೂ ಕೊಡಲಿಲ್ಲ, ಫೋನ್ ಮಾಡಿದರೆ ಎತ್ತುವವರೇ ಇಲ್ಲ.

ಇಲ್ಲಿ ಬಹಳ ಜನ ಸೋತು ಸುಮ್ಮನಾಗುತ್ತಾರೆ. ಸುಮ್ಮನಾಗಬೇಡಿ. 2019ರ ಗ್ರಾಹಕ ಸಂರಕ್ಷಣಾ ಕಾಯ್ದೆಯಲ್ಲಿ ಎರಡು ದಾರಿ ಇದೆ. ಸೆಕ್ಷನ್ 71ರಲ್ಲಿ ಆಯೋಗದ ಆದೇಶವನ್ನು ಸಿವಿಲ್ ಕೋರ್ಟಿನ ಡಿಕ್ರಿ ಥರ ಜಾರಿ ಮಾಡಿಸಬಹುದು, ಅಂದರೆ ಆಸ್ತಿ ಜಪ್ತಿಯವರೆಗೂ ಹೋಗಬಹುದು. ಸೆಕ್ಷನ್ 72 ಇನ್ನೂ ಬಿಗಿ. ಆದೇಶ ಪಾಲಿಸದವರಿಗೆ ಕನಿಷ್ಠ 1 ತಿಂಗಳಿಂದ 3 ವರ್ಷದವರೆಗೆ ಜೈಲು, ಇಲ್ಲವೇ 25 ಸಾವಿರದಿಂದ 1 ಲಕ್ಷದವರೆಗೆ ದಂಡ, ಇಲ್ಲವೇ ಎರಡೂ. ಇದಕ್ಕಾಗಿ ಆಯೋಗಕ್ಕೆ ಪ್ರಥಮ ದರ್ಜೆ ಮ್ಯಾಜಿಸ್ಟ್ರೇಟರ ಅಧಿಕಾರ ಕೊಟ್ಟಿದ್ದಾರೆ.

ನಾವು 72ರ ಅರ್ಜಿ ಹಾಕಿದ ತಕ್ಷಣ ಎದುರಿನ ವಕೀಲರು ಪ್ರತ್ಯಕ್ಷರಾದರು! ಅವರ ಮಾತು ಒಂದೇ: ಜೈಲಿಗೆ ಕಳಿಸುವುದು ಕೋರ್ಟಿನ ಕೆಲಸ, ಆಯೋಗಕ್ಕೆ ಆ ಅಧಿಕಾರ ಕೊಟ್ಟಿರುವುದೇ ಸಂವಿಧಾನಬಾಹಿರ, ಹೈಕೋರ್ಟಿಗೆ ರಿಟ್ ಹಾಕುತ್ತೇವೆ. ಕೇಳಿದವರಿಗೆ ಎದೆ ಢವ ಢವ ಅನ್ನುತ್ತದೆ, ಅಲ್ವಾ?

ಹೆದರುವ ಅಗತ್ಯವಿಲ್ಲ, ಯಾಕೆಂದರೆ ಈ ವಾದ ಹಳೆಯದು, ಅದಕ್ಕೆ ಉತ್ತರ ಸಿಕ್ಕಿದ್ದೂ ನಮ್ಮ ರಾಜ್ಯದ ಕೇಸಿನಲ್ಲೇ. ಕರ್ನಾಟಕ ಸರ್ಕಾರ ಮತ್ತು ವಿಶ್ವಭಾರತಿ ಗೃಹ ನಿರ್ಮಾಣ ಸಹಕಾರ ಸಂಘದ ನಡುವಿನ ಪ್ರಕರಣದಲ್ಲಿ 2003ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ 1986ರ ಹಳೆಯ ಕಾಯ್ದೆಯನ್ನು ಎತ್ತಿಹಿಡಿಯಿತು. ಕೋರ್ಟುಗಳಿಗೆ ಸಮನಾಗಿ ಇನ್ನೊಂದು ವ್ಯವಸ್ಥೆ ಕಟ್ಟಲು ಸಂಸತ್ತಿಗೆ ಅಧಿಕಾರವೇ ಇಲ್ಲ ಅನ್ನುವ ವಾದವನ್ನು ಕೋರ್ಟ್ ಒಪ್ಪಲಿಲ್ಲ. ಹಳೆಯ ಕಾಯ್ದೆಯ ಸೆಕ್ಷನ್ 25 ಮತ್ತು 27 ಆದೇಶ ಜಾರಿಗೆ ಕೊಟ್ಟ ಹೆಚ್ಚುವರಿ ಅಧಿಕಾರ, ನ್ಯಾಯಾಂಗ ನಿಂದನೆಯ ಅಧಿಕಾರವನ್ನು ಹೋಲುವಂಥದ್ದು ಎಂದಿತು. ಆ 27ರ ಜಾಗಕ್ಕೆ ಬಂದಿರುವುದೇ ಇವತ್ತಿನ 72. ಆಗ ದಂಡ 2 ಸಾವಿರದಿಂದ 10 ಸಾವಿರ ಇತ್ತು, ಈಗ ಜಾಸ್ತಿಯಾಗಿದೆ. 2025ರ ಮಾರ್ಚ್‌ನಲ್ಲಿ ಇನ್ನೊಂದು ಬಾಗಿಲೂ ಮುಚ್ಚಿತು: ದಿವಾಳಿ ಕಾನೂನಿನ ಮಧ್ಯಂತರ ತಡೆ (ದಿವಾಳಿ ಅರ್ಜಿ ಬಾಕಿ ಇರುವಾಗ ಸಾಲ ವಸೂಲಿಗೆ ಬೀಳುವ ತಡೆ) ತೋರಿಸಿ ರಾಷ್ಟ್ರೀಯ ಗ್ರಾಹಕ ಆಯೋಗ 27ರಡಿ ಹಾಕಿದ ದಂಡದಿಂದ ತಪ್ಪಿಸಿಕೊಳ್ಳಲು ಆಗುವುದಿಲ್ಲ ಎಂದು ಸುಪ್ರೀಂ ಕೋರ್ಟೇ ಹೇಳಿತು.

ಆಯೋಗ ಮನಸ್ಸಿಗೆ ಬಂದ ಹಾಗೆ ಜೈಲಿಗೆ ಕಳಿಸಬಹುದು ಅಂತಲ್ಲ. ಅದು ಸರಿಯೂ ಅಲ್ಲ. ಸಂಕ್ಷಿಪ್ತ ವಿಚಾರಣೆ ಆಗಲೇಬೇಕು, ಎದುರು ಪಕ್ಷದ ಮಾತು ಕೇಳಲೇಬೇಕು. ಶಿಕ್ಷೆಯಾದರೆ ಸೆಕ್ಷನ್ 73ರಲ್ಲಿ 30 ದಿನದೊಳಗೆ ಮೇಲ್ಮನವಿಗೆ ಅವಕಾಶವಿದೆ, ಜಿಲ್ಲಾ ಆಯೋಗದಿಂದ ರಾಜ್ಯ ಆಯೋಗಕ್ಕೆ, ಅಲ್ಲಿಂದ ಬಂದ ಶಿಕ್ಷೆಯಾದರೆ ರಾಷ್ಟ್ರೀಯ ಆಯೋಗಕ್ಕೆ. ಈ ರಕ್ಷಣೆಗಳು ಇರುವುದರಿಂದಲೇ ಈ ಅಧಿಕಾರ ನ್ಯಾಯವಾದದ್ದು ಎಂದು ನನಗೆ ಅನಿಸುತ್ತದೆ. ಜೈಲಿನ ಮಾತೇ ಇಲ್ಲದಿದ್ದರೆ ನಮ್ಮಂಥವರ ಕೈಯಲ್ಲಿರುವ ಆದೇಶಕ್ಕೆ ದೊಡ್ಡ ಕಂಪನಿಗಳು ಕವಡೆ ಕಿಮ್ಮತ್ತೂ ಕೊಡುವುದಿಲ್ಲ.

ನಮ್ಮ ಕೇಸಿನಲ್ಲಿ ರಿಟ್ ಬರಲೇ ಇಲ್ಲ. ಡೈರೆಕ್ಟರ್ ಹೆಸರಿಗೆ ವಾರಂಟ್ ಹೊರಡುವ ಮಾತು ಬಂದಾಗ ಡಿಮ್ಯಾಂಡ್ ಡ್ರಾಫ್ಟ್ ಬಂತು. ಸಿಬ್ಬಂದಿ ಕೇಳಿದ್ದಕ್ಕೆಲ್ಲ ಕನ್ನಡದಲ್ಲೇ ತಾಳ್ಮೆಯಿಂದ ಉತ್ತರ ಕೊಟ್ಟರು, ಅದನ್ನೂ ಹೇಳಬೇಕು.

ಅರ್ಜಿ ಹಾಕುವವರು ಒಂದು ಗಮನಿಸಿ. 72ರ ದಂಡ ನಿಮ್ಮ ಬಾಕಿಗೆ ವಜಾ ಆಗುವುದಿಲ್ಲ, ದಂಡ ಬೇರೆ, ನಿಮಗೆ ಬರಬೇಕಾದ ಹಣ ಬೇರೆ. ಅದಕ್ಕೇ ಹಣ ವಸೂಲಿಗೆ 71ರ ಅರ್ಜಿಯನ್ನೂ ಹಾಕಿ. ಆದೇಶದ ದೃಢೀಕೃತ ಪ್ರತಿ, ಕಂಪನಿ ಡೈರೆಕ್ಟರುಗಳ ಈಗಿನ ವಿಳಾಸ ಮೊದಲೇ ತೆಗೆದಿಟ್ಟುಕೊಳ್ಳಿ, ನೋಟಿಸ್ ವಾಪಸ್ ಬಂದರೆ ಮತ್ತೊಂದು ವಾಯಿದೆ ಗ್ಯಾರಂಟಿ.