ಕಾರ್ಕ್ ಅಂಡರ್‌ಲೇ: ಕಲಬುರಗಿಯ ನಾಲ್ಕು ಬೇಸಿಗೆ ಕಂಡ ಮೇಲೆ

ನೆಲಕ್ಕೆ ಹಾಕುವ ಲ್ಯಾಮಿನೇಟ್ ಹಲಗೆಯ ಬಣ್ಣ ಆರಿಸೋಕೆ ಎಲ್ಲರೂ ನಾಲ್ಕು ಅಂಗಡಿ ತಿರುಗುತ್ತಾರೆ. ಅದರ ಅಡಿಗೆ ಏನು ಹಾಸುತ್ತಾರೆ ಅಂತ ಕೇಳುವವರು ಕಡಿಮೆ. ಹಲಗೆ ಜೊತೆ ಸುಮ್ನೆ ಒಂದು ಬಿಳಿ ಫೋಮ್ ರೋಲ್ ಬರುತ್ತೆ, ಮಿಸ್ತ್ರಿ ಅದನ್ನೇ ಹಾಸಿ ಮುಗಿಸುತ್ತಾನೆ. ನಾವು ಆ ಫೋಮ್ ಬೇಡ ಅಂದು, ಮರದ ತೊಗಟೆಯಿಂದ ಮಾಡುವ 3 ಎಂಎಂ ದಪ್ಪದ ಕಾರ್ಕ್ ಹಾಸು ಹಾಕಿಸಿದೆವು. ಈಗ ನಾಲ್ಕು ಬೇಸಿಗೆ ಕಳೆದಿವೆ. ಇನ್ನು ಧೈರ್ಯವಾಗಿ ಹೇಳಬಹುದು: ಮೇಲಿನ ಮಹಡಿಗೆ ಇದು ತುಂಬ ಒಳ್ಳೆ ಆಯ್ಕೆ. ಕೆಳಗಿನ ಮನೆಗೆ ಮಾತ್ರ ನಾನು ಯಾರಿಗೂ ಹೇಳಲ್ಲ.

ನಮ್ಮದು ಜೇವರ್ಗಿ ರಸ್ತೆ ಕಡೆಯ ಹಳೇ ಮನೆ. ಮೇಲಿನ ಎರಡು ಕೋಣೆಗಳ ಸಿಮೆಂಟ್ ನೆಲ ಬಿರುಕು ಬಿಟ್ಟಿತ್ತು. ಒಡೆಸಿದರೆ ಧೂಳು, ಕಲ್ಲುಮಣ್ಣು, ಅದನ್ನು ಸಾಗಿಸೋ ಖರ್ಚು. ಕೆಳಗೆ ಬಾಡಿಗೆಗೆ ಇದ್ದವರ ಮನೆಯಲ್ಲಿ ಹಸುಗೂಸು. ನಮ್ಮ ಮಕ್ಕಳು ಮೇಲೆ ಓಡಾಡಿದರೆ ಅದು ಎದ್ದು ಅಳುತ್ತಿತ್ತು. ಹಾಗಾಗಿ ಒಡೆಯದೆ, ಇದ್ದ ನೆಲದ ಮೇಲೇ ಹಲಗೆ ಕೂಡಿಸೋಣ, ಸದ್ದು ಕಡಿಮೆ ಮಾಡುವಂಥದ್ದು ಅಡಿಗೆ ಹಾಕೋಣ, ಅದು ಆದಷ್ಟು ಪರಿಸರಕ್ಕೂ ಒಳ್ಳೇದಿರಲಿ ಅಂತ ಮನೆಯಲ್ಲಿ ಮಾತಾಯಿತು.

ಸಿಕ್ಕ ಸಾಮಾನು ನೋಡುತ್ತ ಹೋದೆವು. ಬಿಳಿ ಫೋಮ್ ಪೆಟ್ರೋಲಿಯಂನಿಂದ ಆಗುವ ಪಾಲಿಎಥಿಲೀನ್. ಅಗ್ಗ, ತೇವಕ್ಕೆ ಹೆದರಲ್ಲ. ಆದರೆ ಅಲ್ಮೆರಾ, ಮಂಚದ ಕಾಲಿನ ಕೆಳಗೆ ಕೆಲವೇ ವರ್ಷಕ್ಕೆ ಚಪ್ಪಟೆಯಾಗುತ್ತೆ, ಕಿತ್ತ ಮೇಲೆ ಕಸದ ಗುಡ್ಡಕ್ಕೇ ಹೋಗುತ್ತೆ. ಹಳೇ ಟೈರಿನ ರಬ್ಬರ್ ಶೀಟು ಸದ್ದು ಚೆನ್ನಾಗಿ ತಡೆಯುತ್ತೆ, ಮರುಬಳಕೆಯ ಮಾಲು ಅನ್ನೋದೂ ನಿಜ. ಆದರೆ ಅದರ ವಾಸನೆ! ಮೇ ತಿಂಗಳಲ್ಲಿ ಹೊರಗೆ 43 ಡಿಗ್ರಿ ಇರುವಾಗ ಕಿಟಕಿ ಮುಚ್ಚಿದ ಕೋಣೆಯಲ್ಲಿ ಮಕ್ಕಳನ್ನು ಮಲಗಿಸಬೇಕು ನಾವು. ಬೇಡ ಅನ್ನಿಸಿತು. ವಿನೈಲ್ (ಪ್ಲಾಸ್ಟಿಕ್ ನೆಲಹಾಸು) ಹಾಕುವವರಂತೂ ರಬ್ಬರ್ ಬಗ್ಗೆ ಇನ್ನೂ ಹುಷಾರಾಗಿರಬೇಕು, ಮೇಲಿನ ಹಾಳೆಗೆ ಹಳದಿ ಕಲೆ ಬರುತ್ತೆ.

ನನಗೆ ಮನಸ್ಸಿದ್ದದ್ದು ತೆಂಗಿನ ನಾರಿನ ಹಾಸಿನ ಮೇಲೆ. ನಮ್ಮ ದೇಶದ್ದೇ ಮಾಲು, ದೂರದಿಂದ ಹಡಗಿನಲ್ಲಿ ಬರಬೇಕಿಲ್ಲ. ಆದರೆ ಅದು ದಪ್ಪ, ಮೆತ್ತಗೆ. ಲ್ಯಾಮಿನೇಟ್ ಹಲಗೆಗಳು ಒಂದಕ್ಕೊಂದು ಕ್ಲಿಕ್ ಆಗಿ ಕೂಡುತ್ತವೆ. ಅಡಿಯ ಹಾಸು ಕುಗ್ಗಿದಷ್ಟೂ ಆ ಜೋಡಣೆಯ ನಾಲಿಗೆ ಮೇಲೆ ಕೆಳಗೆ ಆಡುತ್ತೆ, ಕೊನೆಗೆ ಮುರಿಯುತ್ತೆ. ದಪ್ಪ ಇದ್ದಷ್ಟೂ ಒಳ್ಳೇದು ಅಂತ ಅಂಗಡಿಯವರು ಹೇಳಿದರೆ ನಂಬಬೇಡಿ. ಲ್ಯಾಮಿನೇಟ್‌ಗೆ 2ರಿಂದ 3 ಎಂಎಂ ಸಾಕು. ನಾರಿನ ಹಾಸು ಕಾರ್ಪೆಟ್ ಅಡಿಗೆ ಚೆನ್ನ.

ಕಾರ್ಕ್ ಅಂದರೆ ಒಂದು ಜಾತಿಯ ಓಕ್ ಮರದ ತೊಗಟೆ. ಪ್ರಪಂಚದ ಕಾರ್ಕಿನಲ್ಲಿ ಅರ್ಧದಷ್ಟು ಪೋರ್ಚುಗಲ್‌ನಿಂದಲೇ ಬರುತ್ತೆ. ಮರ ಕಡಿಯಲ್ಲ. ಗಿಡ ನೆಟ್ಟು ಸುಮಾರು 25 ವರ್ಷಕ್ಕೆ ಮೊದಲ ತೊಗಟೆ ಸುಲಿಯುತ್ತಾರೆ, ಆಮೇಲೆ 9 ವರ್ಷಕ್ಕೊಮ್ಮೆ. ಬಾಟಲಿಯ ಬಿರಡೆ ಕೊರೆದು ಉಳಿದ ಚೂರುಗಳನ್ನು ಪುಡಿ ಮಾಡಿ, ಅಂಟು ಬೆರೆಸಿ, ಒತ್ತಿ ಈ ರೋಲ್ ಮಾಡುತ್ತಾರೆ. ಆ ಅಂಟು ಸಾಮಾನ್ಯವಾಗಿ ಪಾಲಿಯುರೆಥೇನ್ ಅನ್ನೋ ಕೃತಕ ರಾಸಾಯನಿಕ. ಹಾಗಾಗಿ 'ಶೇ. 100 ನೈಸರ್ಗಿಕ' ಅಂತ ಪೊಟ್ಟಣದ ಮೇಲೆ ಬರೆದಿದ್ದರೆ ಅದು ಪೂರ್ತಿ ಸರಿಯಲ್ಲ. ಕಾಂಕ್ರೀಟ್ ಮೇಲೆ ಹಾಕುವಾಗ ತೇವ ಮೇಲೇರದ ಹಾಗೆ ಕಾರ್ಕಿನ ಅಡಿಗೆ ಪ್ಲಾಸ್ಟಿಕ್ ಹಾಳೆಯೂ ಬೇಕೇ ಬೇಕು. ಇಷ್ಟೆಲ್ಲ ಲೆಕ್ಕ ಹಾಕಿದರೂ ಫೋಮ್‌ಗಿಂತ ಇದೇ ಮೇಲು ಅನ್ನೋದು ನನ್ನ ನಂಬಿಕೆ. ಮರ ಉಳಿಯುತ್ತೆ, ಉಳಿದ ಚೂರು ಕೆಲಸಕ್ಕೆ ಬರುತ್ತೆ, ಹಾಕಿದ್ದು ಬಹಳ ವರ್ಷ ಬಾಳುತ್ತೆ.

ನಮ್ಮೂರಿನ ಅಂಗಡಿಗಳಲ್ಲಿ ಸ್ಟಾಕ್ ಇರಲಿಲ್ಲ. ಹೈದರಾಬಾದ್‌ನಿಂದ ಟ್ರಾನ್ಸ್‌ಪೋರ್ಟ್‌ನಲ್ಲಿ ತರಿಸಿದೆವು. ಫೋಮ್‌ನ ಐದಾರು ಪಟ್ಟು ಖರ್ಚಾಯಿತು. ದೊಡ್ಡ ಮನೆಗಾದರೆ ಇದು ಹಗುರವಾದ ಮಾತಲ್ಲ. ರೋಲ್ ಬಿಚ್ಚಿದಾಗ ತಿಳಿ ಕಂದು ಬಣ್ಣ, ಹಿಡಿದರೆ ಒಣ ಬೆಂಡಿನ ಹಾಗೆ ಹಗುರ. ಅಂಚಿನಿಂದ ಕಾಳು ಕಾಳಾಗಿ ಪುಡಿ ಉದುರುತ್ತಿತ್ತು. ಎಳೆದಾಡಿದರೆ ಹರಿಯುತ್ತೆ. ಹಾಸುವವರು ನಿಧಾನದ ಕೈಯವರಾಗಿರಬೇಕು. ನಮ್ಮ ಮಿಸ್ತ್ರಿ ಪಟ್ಟಿ ಪಟ್ಟಿಯ ಅಂಚು ಕೂಡಿಸಿ, ಒಂದರ ಮೇಲೊಂದು ಏರದ ಹಾಗೆ ಟೇಪ್ ಹಚ್ಚಿದ.

ಹಾಸುವ ಮೊದಲು ಮಾಡಿದ ಎರಡು ಕೆಲಸ ಎಲ್ಲಕ್ಕಿಂತ ಮುಖ್ಯ. ಒಂದು, ತೇವ ಇದೆಯಾ ಅಂತ ನೋಡುವುದು. ಒಂದೂವರೆ ಅಡಿ ಚೌಕದ ಪ್ಲಾಸ್ಟಿಕ್ ಹಾಳೆಯ ನಾಲ್ಕೂ ಅಂಚಿಗೆ ಟೇಪ್ ಹಚ್ಚಿ ನೆಲಕ್ಕೆ ಅಂಟಿಸಿ, ಕನಿಷ್ಠ 16 ಗಂಟೆ ಬಿಡಿ. ತೆಗೆದಾಗ ಒಳಗೆ ಹನಿ ಕಂಡರೆ ಅಥವಾ ನೆಲ ಕಪ್ಪಾಗಿದ್ದರೆ ಹಲಗೆಯ ಮಾತೇ ಬೇಡ. ಇನ್ನೊಂದು, ನೆಲದ ಮಟ್ಟ. ಎರಡು ಮೀಟರಿನ ನೆಟ್ಟಗಿನ ಪಟ್ಟಿ ಇಟ್ಟು ನೋಡಿದಾಗ ಸಂದು 3 ಎಂಎಂ ದಾಟಬಾರದು. ನಮ್ಮಲ್ಲಿ ಬಾಗಿಲ ಹತ್ತಿರ ದಾಟಿತ್ತು, ಲೆವೆಲಿಂಗ್ ಸಿಮೆಂಟ್ ಹಾಕಿ ಸರಿ ಮಾಡಿಸಿದೆವು. ತಗ್ಗು ದಿಣ್ಣೆಯನ್ನು ಕಾರ್ಕ್ ಮುಚ್ಚುತ್ತೆ ಅಂತ ಯಾರಾದರೂ ಹೇಳಿದರೆ ಕಿವಿಗೆ ಹಾಕಿಕೊಳ್ಳಬೇಡಿ.

ಸದ್ದಿನ ವಿಷಯಕ್ಕೆ ಬರೋಣ. ಚಮಚ ಬಿದ್ದದ್ದು, ಕುರ್ಚಿ ಎಳೆದದ್ದು, ಮಕ್ಕಳ ಓಟ, ಇವು ಕೆಳಗೆ ಕೇಳುವುದು ಬಹಳ ಕಡಿಮೆಯಾಯಿತು. ಕೆಳಗಿನವರೇ ಮೇಲೆ ಬಂದು ಹೇಳಿದರು. ಮಾತು, ಟಿವಿ ಸದ್ದು ಮಾತ್ರ ಮೊದಲಿನ ಹಾಗೇ ಇದೆ. ಬಡಿತದ ಸದ್ದಿಗೆ ಇದು ಮದ್ದು, ಗಾಳಿಯಲ್ಲಿ ಬರುವ ಸದ್ದಿಗೆ ಅಲ್ಲ. ಪೊಟ್ಟಣದ ಮೇಲಿನ ಡೆಸಿಬಲ್ ಅಂಕಿಯನ್ನೂ ಪೂರ್ತಿ ನೆಚ್ಚಬೇಡಿ. ಅದು ಅವರು ಪರೀಕ್ಷೆ ಮಾಡಿದ ಸ್ಲ್ಯಾಬಿನ ದಪ್ಪಕ್ಕೆ ಬಂದ ಅಂಕಿ, ನಿಮ್ಮ ಮನೆಯ ಸ್ಲ್ಯಾಬಿನದ್ದಲ್ಲ.

ನಿಜವಾದ ಪರೀಕ್ಷೆ ಕೂಲರ್‌ನಿಂದ ಬಂತು. ನಮ್ಮ ಕಡೆ ಮಾರ್ಚ್‌ನಿಂದ ಜೂನ್‌ವರೆಗೆ ಕೂಲರ್ ಇಲ್ಲದೆ ನಡೆಯಲ್ಲ. ಹೊರಗೆ ಒಣ ಬಿಸಿಲು, ಕೋಣೆಯೊಳಗೆ ಕೂಲರಿನ ತೇವ. ಲ್ಯಾಮಿನೇಟ್ ಹಲಗೆಯ ಒಳಗಿರುವುದು ಒತ್ತಿದ ಮರದ ನಾರು, ತೇವಕ್ಕೆ ಅದು ಹಿಗ್ಗುತ್ತೆ. ಗೋಡೆ ಸುತ್ತ 10 ಎಂಎಂ ಸಂದು ಬಿಡಿಸಿದ್ದರಿಂದ ನೆಲ ಎಲ್ಲೂ ಉಬ್ಬಲಿಲ್ಲ. ಆದರೆ ಮೂರನೇ ಬೇಸಿಗೆಯಲ್ಲಿ ಕೂಲರಿನ ಪೈಪ್ ಸಡಿಲಾಗಿ ರಾತ್ರಿಯಿಡೀ ನೀರು ಸೋರಿತು. ಬೆಳಿಗ್ಗೆ ಆ ಮೂಲೆಯ ಹಲಗೆಗಳ ಅಂಚು ಎದ್ದಿದ್ದವು. ಬಿಚ್ಚಿ ನೋಡಿದರೆ ಕಾರ್ಕ್ ಒದ್ದೆಯಾಗಿತ್ತು, ಹಿಗ್ಗಿರಲಿಲ್ಲ, ಹಸಿರುಗಟ್ಟಿರಲಿಲ್ಲ. ನೀರು ನಿಂತದ್ದು ಕಾರ್ಕ್ ಮತ್ತು ಪ್ಲಾಸ್ಟಿಕ್ ಹಾಳೆ ನಡುವೆ. ಒರೆಸಿ, ಫ್ಯಾನ್ ಹಾಕಿ ಪೂರ್ತಿ ಒಣಗಿಸಿ, ಅದನ್ನೇ ಮತ್ತೆ ಹಾಸಿದೆವು. ಹಲಗೆ ಮಾತ್ರ ಹೊಸದು ಬೇಕಾಯಿತು. ಮೊದಲೇ ಒಂದು ಪೊಟ್ಟಣ ಹೆಚ್ಚು ತೆಗೆದಿಟ್ಟಿದ್ದು ಉಪಯೋಗಕ್ಕೆ ಬಂತು.

ಅದೇ ಹೊತ್ತಿಗೆ ಅಲ್ಮೆರಾ ಸರಿಸಿ ಅದರ ಅಡಿಯನ್ನೂ ನೋಡಿದೆ. ಕಾಲಿದ್ದ ಜಾಗದಲ್ಲಿ ಕಾರ್ಕಿಗೆ ತೆಳುವಾದ ಗುರುತು ಬಿದ್ದಿತ್ತು. ಬೆರಳಾಡಿಸಿದರೆ ಗೊತ್ತಾಗುವಷ್ಟು, ಅಷ್ಟೇ.

ಒಂದು ಕೊರತೆ ಹೇಳಲೇಬೇಕು. ಕಾರ್ಕ್ ಶಾಖ ದಾಟಿಸಲ್ಲ. ಡಿಸೆಂಬರ್ ಬೆಳಿಗ್ಗೆ ಬರಿಗಾಲಿಗೆ ಹಿತ. ಆದರೆ ಬೇಸಿಗೆಯಲ್ಲಿ ಶಹಾಬಾದ್ ಫರ್ಸಿ ಮೇಲೆ ಕಾಲಿಟ್ಟಾಗ ಸಿಗುವ ತಂಪು ಇಲ್ಲಿ ಸಿಗಲ್ಲ. ಮಧ್ಯಾಹ್ನ ಚಾಪೆ ಇಲ್ಲದೆ ಕಲ್ಲಿನ ಮೇಲೇ ಮಲಗುವ ಊರು ನಮ್ಮದು, ಅಲ್ವಾ? ನಮ್ಮವ್ವ ಈಗಲೂ ಊಟ ಆದ ಮೇಲೆ ಕೆಳಗಿನ ಪಡಸಾಲೆಗೇ ಹೋಗುತ್ತಾಳೆ.

ಅದಕ್ಕೇ ಕೆಳಗಿನ ಫರ್ಸಿಯನ್ನು ನಾವು ಮುಟ್ಟಲಿಲ್ಲ. ಅದು ನಮ್ಮ ಜಿಲ್ಲೆಯದೇ ಕಲ್ಲು, ತಂದೆ ಕಾಲದಿಂದ ಇದೆ, ಇನ್ನೂ ಗಟ್ಟಿ. ಅದರ ಮೇಲೆ ಪ್ಲಾಸ್ಟಿಕ್ ಹಾಳೆ, ಪೋರ್ಚುಗಲ್ ಕಾರ್ಕ್, ಲ್ಯಾಮಿನೇಟ್ ಹಾಸಿ ಪರಿಸರದ ಹೆಸರು ಹೇಳುವುದು ನನಗೆ ಒಪ್ಪಿಗೆಯಿಲ್ಲ. ಸಂದು ತುಂಬಿಸಿ, ಪಾಲಿಶ್ ಮಾಡಿಸಿದೆವು.

ತಗೊಳ್ಳುವವರು ಬಿಲ್ಲಿನಲ್ಲಿ ಕಾರ್ಕಿನ ದಪ್ಪ ಬರೆಸಿಕೊಳ್ಳಿ. ಹಲಗೆಗೆ ಇ1 ಗುರುತು ಇದೆಯಾ ನೋಡಿ, ಅದು ಹಲಗೆ ಫಾರ್ಮಾಲ್ಡಿಹೈಡ್ ಅನ್ನೋ ಹಾನಿಕರ ಅನಿಲ ಎಷ್ಟು ಬಿಡುತ್ತೆ ಅನ್ನೋದರ ಮಿತಿ. ಹಲಗೆಗೇ ಅಂಟಿದ ಫೋಮ್ ಇದ್ದರೆ ಅದರಡಿಗೆ ಮತ್ತೆ ಕಾರ್ಕ್ ಹಾಕಬೇಡಿ, ಎರಡು ಪದರ ಆದರೆ ಜೋಡಣೆ ಸಡಿಲಾಗುತ್ತೆ, ವಾರಂಟಿಯೂ ಹೋಗಬಹುದು. ಕೂಲರ್ ಇಡುವ ಮೂಲೆಗೆ ಒಂದು ದೊಡ್ಡ ಟ್ರೇ ಈಗಲೇ ತಂದಿಡಿ.