ಟೊರೊಂಟೊದ ಹಾಕಿ ಹಾಲ್ ಆಫ್ ಫೇಮ್: ಫ್ರ್ಯಾಂಕ್ ಮೆಕ್‌ಗೀ ಹೆಸರನ್ನು ಹುಡುಕಿ ನೋಡಿ

ಟೊರೊಂಟೊಗೆ ಬಂದವರು ಸಿಎನ್ ಟವರ್, ನಯಾಗರ ಅಂತ ಓಡಾಡುತ್ತಾರೆ. ಐಸ್ ಹಾಕಿಯ ಈ ಮ್ಯೂಸಿಯಂಗೂ ಅರ್ಧ ದಿನ ಇಟ್ಟುಕೊಳ್ಳಿ. ಯೂನಿಯನ್ ಸ್ಟೇಷನ್‌ನಿಂದ ನಡೆದೇ ಹೋಗಬಹುದು. ಟಿಕೆಟ್ ಕೌಂಟರ್ ಬ್ರೂಕ್‌ಫೀಲ್ಡ್ ಪ್ಲೇಸ್‌ನ ಕೆಳಮಹಡಿಯಲ್ಲಿದೆ.

ನಾನು ಬೆಳೆದದ್ದು ಕೊಡಗಿನಲ್ಲಿ. ಹಾಕಿ ಅಂದರೆ ನನಗೆ ಮೈದಾನದ ಹಾಕಿಯೇ. ಐಸ್ ಹಾಕಿ ಇಷ್ಟವಾದದ್ದು ಇಲ್ಲಿಗೆ ಬಂದ ಮೇಲೆ, ಅದೂ ಒಬ್ಬ ಹಳೇ ಆಟಗಾರನಿಂದ.

ಕೆಳಗೆ ಮಕ್ಕಳಿಗೆ ಪಕ್ (ಐಸ್ ಹಾಕಿಯಲ್ಲಿ ಚೆಂಡಿನ ಬದಲು ಬಳಸುವ ರಬ್ಬರ್ ಬಿಲ್ಲೆ) ಹೊಡೆಯುವ ಆಟವಿದೆ, ನನ್ನ ಮಗ ಅಲ್ಲಿಂದ ಕದಲಲಿಲ್ಲ. ಮೇಲಿನ ಗ್ರೇಟ್ ಹಾಲ್ 1885ರ ಬ್ಯಾಂಕ್ ಕಟ್ಟಡ. ತಲೆಯ ಮೇಲೆ ಬಣ್ಣದ ಗಾಜಿನ ಗುಮ್ಮಟ, ಗೋಡೆಯುದ್ದಕ್ಕೂ ಆಟಗಾರರ ಗಾಜಿನ ಫಲಕಗಳು. ಈ ಆಟದ ದಿಗ್ಗಜ ಗ್ರೆಟ್ಸ್ಕಿ ಹೆಸರನ್ನು ಎಲ್ಲರೂ ಹುಡುಕುತ್ತಾರೆ. ನೀವು ಹಾಲ್ ಆಫ್ ಫೇಮ್ ಗೌರವ ಪಡೆದವರ 1945ರ ಮೊದಲ ಪಟ್ಟಿಯಲ್ಲಿರುವ ಫ್ರ್ಯಾಂಕ್ ಮೆಕ್‌ಗೀಯನ್ನು ಹುಡುಕಿ.

ಒಟ್ಟಾವಾದ ಹುಡುಗ. 1900ರಲ್ಲಿ ಒಂದು ಪಂದ್ಯದಲ್ಲಿ ಪೆಟ್ಟು ಬಿದ್ದು ಎಡಗಣ್ಣು ಹೋಯಿತು. ಹಾಗಿದ್ದೂ 1903ರಲ್ಲಿ ಮತ್ತೆ ಮಂಜಿನ ಮೇಲಿಳಿದು ಒಟ್ಟಾವಾ ತಂಡಕ್ಕೆ ಐಸ್ ಹಾಕಿಯ ದೊಡ್ಡ ಟ್ರೋಫಿ ಸ್ಟಾನ್ಲಿ ಕಪ್ ಗೆಲ್ಲಿಸಿದ. ಆಗ ಒಂದೊಂದು ತಂಡಕ್ಕೂ ಏಳು ಜನ, ಪಕ್ಕನ್ನು ಮುಂದಕ್ಕೆ ಪಾಸ್ ಮಾಡುವಂತಿರಲಿಲ್ಲ. ಆಡಿದ್ದಕ್ಕೆ ಸಂಬಳವೂ ಇಲ್ಲ, ಹೊಟ್ಟೆಪಾಡಿಗೆ ಸರ್ಕಾರಿ ಕೆಲಸ.

1905ರ ಜನವರಿಯಲ್ಲಿ ಕೆನಡಾದ ವಾಯವ್ಯ ಮೂಲೆಯ ಡಾಸನ್ ಸಿಟಿ ಅನ್ನುವ ಚಿನ್ನದ ಗಣಿ ಊರಿನವರು ಕಪ್ಪಿಗೆ ಸವಾಲು ಹಾಕಿ ಒಟ್ಟಾವಾಗೆ ಬಂದರು. ಕಾಲ್ನಡಿಗೆ, ನಾಯಿ ಎಳೆಯುವ ಬಂಡಿ, ಹಡಗು, ರೈಲು ಅಂತ ಸುಮಾರು 6,400 ಕಿ.ಮೀ. ದಾರಿಗೆ ಮೂರು ವಾರಕ್ಕಿಂತ ಜಾಸ್ತಿ ಹಿಡಿಯಿತು, ಸುಧಾರಿಸಿಕೊಳ್ಳಲೂ ಸಮಯ ಸಿಗಲಿಲ್ಲ. ಪಾಪ, ಅಲ್ವಾ? ಮೊದಲ ಪಂದ್ಯ ಒಟ್ಟಾವಾ 9-2ರಿಂದ ಗೆದ್ದಿತು. ಮೆಕ್‌ಗೀ ಹೊಡೆದದ್ದು ಒಂದೇ ಗೋಲು. ಇವನೇನು ಮಹಾ ಆಟಗಾರ ಅಂತ ಡಾಸನ್ ಕಡೆಯ ಯಾರೋ ಅಂದರಂತೆ. 16ನೇ ತಾರೀಖಿನ ಎರಡನೇ ಪಂದ್ಯದಲ್ಲಿ ಅವನೊಬ್ಬನೇ 14 ಗೋಲು ಹೊಡೆದ! ಅದರಲ್ಲಿ ಎಂಟು ಗೋಲು ಒಂಬತ್ತು ನಿಮಿಷದೊಳಗೆ ಬಂದವು. ಅಂತಿಮ ಅಂಕ 23-2. ಸ್ಟಾನ್ಲಿ ಕಪ್ ಪಂದ್ಯವೊಂದರಲ್ಲಿ ಅಷ್ಟು ಗೋಲನ್ನು ಇವತ್ತಿಗೂ ಯಾರೂ ಹೊಡೆದಿಲ್ಲ.

23ನೇ ವಯಸ್ಸಿಗೇ ಆಟ ಬಿಟ್ಟ. ಮಹಾಯುದ್ಧ ಬಂದಾಗ ಸೇನೆ ಸೇರಿದ. ಕಣ್ಣಿನ ಪರೀಕ್ಷೆಯಲ್ಲಿ ಇನ್ನೊಂದು ಕಣ್ಣು ಮುಚ್ಚು ಅಂದಾಗ ಕೈ ಮಾತ್ರ ಬದಲಾಯಿಸಿ, ಮತ್ತೆ ಅದೇ ಕುರುಡುಗಣ್ಣನ್ನು ಮುಚ್ಚಿಕೊಂಡ ಅಂತ ಒಂದು ಕತೆ ಹೇಳುತ್ತಾರೆ. 1916ರ ಸೆಪ್ಟೆಂಬರ್ 16ರಂದು ಫ್ರಾನ್ಸಿನ ಸೋಮ್ ಕದನದಲ್ಲಿ ಸತ್ತ. ದೇಹ ಸಿಗಲಿಲ್ಲ, ಅಲ್ಲೇ ಫ್ರಾನ್ಸಿನಲ್ಲಿರುವ ಕೆನಡಾ ಸೈನಿಕರ ವಿಮಿ ಸ್ಮಾರಕದ ಮೇಲೆ ಹೆಸರಿದೆ. ಇಷ್ಟು ತಿಳಿದುಕೊಂಡು ಫಲಕದ ಮುಂದೆ ನಿಂತರೆ ಆ ಪುಟ್ಟ ಗಾಜಿನ ತುಂಡು ಬೇರೆಯೇ ಆಗಿ ಕಾಣುತ್ತದೆ.

ಪಕ್ಕದ ಹಳೇ ಬ್ಯಾಂಕ್ ವಾಲ್ಟ್‌ಗೆ (ಹಣ ಇಡುತ್ತಿದ್ದ ಭದ್ರ ಕೋಣೆ) ಮಾತ್ರ ತಪ್ಪದೆ ಹೋಗಿ. ಆಗಿನ ಕೆನಡಾದ ಗವರ್ನರ್ ಜನರಲ್ ಲಾರ್ಡ್ ಸ್ಟಾನ್ಲಿ 1892ರಲ್ಲಿ ಕೊಟ್ಟ ಮೂಲ ಬೆಳ್ಳಿ ಬಟ್ಟಲು ಅಲ್ಲಿದೆ. ಎತ್ತರ 18.5 ಸೆಂ.ಮೀ., ಅಗಲ 29. ನಮ್ಮ ಮನೆಯಲ್ಲಿ ಹಿಟ್ಟು ಕಲಸುವ ಬೋಗುಣಿಯಷ್ಟೇ. ಮೆಕ್‌ಗೀ ಗೆದ್ದದ್ದು, ಡಾಸನ್‌ನವರು ಅಷ್ಟು ದೂರದಿಂದ ಹುಡುಕಿಕೊಂಡು ಬಂದದ್ದು ಇದನ್ನೇ. ಮಗ ಹೊರಗಿನ, ಈಗ ಗೆದ್ದವರಿಗೆ ಕೊಡುವ ದೊಡ್ಡ ಕಪ್ ಜೊತೆ ಫೋಟೋ ತೆಗೆಸಿಕೊಂಡ, ನಾನು ಇದರ ಮುಂದೆ ತುಂಬಾ ಹೊತ್ತು ಸುಮ್ನೆ ನಿಂತಿದ್ದೆ.

ಕಾರು ತರಬೇಡಿ, ಆ ಭಾಗದಲ್ಲಿ ಪಾರ್ಕಿಂಗ್‌ಗೆ ಸಿಕ್ಕಾಪಟ್ಟೆ ದುಡ್ಡು. ವಾರದ ದಿನ ಬೆಳಿಗ್ಗೆಯೇ ಹೋದರೆ ವಾಲ್ಟ್‌ನಲ್ಲಿ ಸ್ವಲ್ಪ ಹೊತ್ತು ಒಬ್ಬರೇ ನಿಲ್ಲಬಹುದು.