ಜೆಲ್ ಪಾಲಿಶ್ ಗಟ್ಟಿಯಾಗ್ತಿಲ್ವಾ? ಲ್ಯಾಂಪ್ ಬದಲಿಸೋದಾ, ಟೈಮ್ ಜಾಸ್ತಿ ಮಾಡೋದಾ, ಕೋಟ್ ತೆಳು ಮಾಡೋದಾ

ಉಗುರಿಗೆ ಹಚ್ಚಿ ಲ್ಯಾಂಪಿನ ಬೆಳಕಿನಲ್ಲಿ ಗಟ್ಟಿ ಮಾಡುವ ಜೆಲ್ ಪಾಲಿಶ್ ಗಟ್ಟಿಯಾಗುತ್ತಿಲ್ಲ ಅಂದ ತಕ್ಷಣ ಎಲ್ಲರೂ ಕೊಡುವ ಸಲಹೆ ಒಂದೇ: ಲ್ಯಾಂಪಿನಲ್ಲಿ ಇನ್ನೊಂದು ನಿಮಿಷ ಇಡಿ. ನಾನು ಈ ಸಲಹೆಯನ್ನೂ ಬೇರೆ ಪರಿಹಾರಗಳನ್ನೂ ಪಕ್ಕಪಕ್ಕ ಇಟ್ಟು ಮಾಡಿ ನೋಡಿದ್ದೇನೆ. ಮೂರು ಬಗೆಯ ಲ್ಯಾಂಪ್, ದಪ್ಪ ಕೋಟ್ ಮತ್ತು ತೆಳು ಕೋಟ್, ಒಂದೇ ಕಂಪನಿಯ ಸೆಟ್ ಮತ್ತು ಬೆರಕೆ ಸೆಟ್. ನನ್ನ ತೀರ್ಮಾನ ಮೊದಲೇ ಹೇಳಿಬಿಡುತ್ತೇನೆ. ಇವುಗಳಲ್ಲಿ ಎಲ್ಲಕ್ಕಿಂತ ಕಡಿಮೆ ಉಪಯೋಗಕ್ಕೆ ಬಂದದ್ದು ಟೈಮ್ ಜಾಸ್ತಿ ಮಾಡುವುದು. ಕೋಟ್ ತೆಳು ಮಾಡಿದರೆ ಬಹುಪಾಲು ತೊಂದರೆ ಅಲ್ಲೇ ಮುಗಿಯುತ್ತದೆ. ಆಮೇಲೂ ಉಳಿದರೆ ಲ್ಯಾಂಪಿಗೂ ಬಾಟಲಿಗೂ ಹೊಂದುತ್ತದೆಯಾ ಅಂತ ನೋಡಬೇಕು.

ಅದಕ್ಕೂ ಮೊದಲು ಒಂದು ವಿಷಯ. "ಗಟ್ಟಿಯಾಗಿಲ್ಲ" ಅಂತ ಜನ ಹೇಳುವುದು ಎರಡು ಬೇರೆ ಬೇರೆ ಸಂಗತಿಗಳಿಗೆ. ಮೇಲೆ ಬೆರಳಿಟ್ಟರೆ ಅಂಟಂಟಾಗಿರುವುದು ಒಂದು. ಮೇಲೆ ಗಟ್ಟಿ, ಒಳಗೆ ಮೆತ್ತಗೆ ಇರುವುದು ಇನ್ನೊಂದು. ಮೊದಲನೆಯದು ತೊಂದರೆಯೇ ಅಲ್ಲ. ಬೆಳಕು ಬಿದ್ದಾಗ ಜೆಲ್ಲಿನ ಕಣಗಳು ಒಂದಕ್ಕೊಂದು ಕೊಂಡಿ ಹಾಕಿಕೊಳ್ಳುತ್ತವೆ. ಗಾಳಿ ತಗಲುವ ಮೇಲ್ಪದರದಲ್ಲಿ ಮಾತ್ರ ಆಮ್ಲಜನಕ ನಡುವೆ ಬಂದು ಅದನ್ನು ತಡೆಯುತ್ತದೆ, ಹಾಗಾಗಿ ಒಂದು ತೆಳ್ಳನೆಯ ಅಂಟು ಪದರ ಉಳಿದುಕೊಳ್ಳುತ್ತದೆ. ಬೇಸ್ ಕೋಟ್ ಮೇಲೆ, ಬಣ್ಣದ ಮೇಲೆ ಅದು ಇರಲೇಬೇಕು, ಮುಂದಿನ ಕೋಟ್ ಹಿಡಿದುಕೊಳ್ಳುವುದಕ್ಕೆ ಅದು ಸಹಾಯ ಮಾಡುತ್ತದೆ. ಕೊನೆಯಲ್ಲಿ ಐಸೊಪ್ರೊಪೈಲ್ ಆಲ್ಕೋಹಾಲ್‌ನಲ್ಲಿ ಒರೆಸಿದರೆ ಹೋಗುತ್ತದೆ. ಎರಡನೆಯದೇ ನಿಜವಾದ ತೊಂದರೆ. ಮುಟ್ಟಿ ನೋಡಿದರೆ ಗೊತ್ತಾಗುವುದೇ ಇಲ್ಲ, ಅದೇ ಅದರ ಕೆಟ್ಟ ಗುಣ.

ಅದಕ್ಕೇ ನಾನು ಉಗುರಿನ ಮೇಲಷ್ಟೇ ನೋಡಿ ತೀರ್ಮಾನ ಮಾಡಲಿಲ್ಲ. ಸ್ಟಿಕ್ಕರ್ ಕಿತ್ತ ಮೇಲೆ ಉಳಿಯುವ ನುಣುಪು ಕಾಗದ ಇದೆಯಲ್ಲ, ಅದರ ಮೇಲೆ ಉಗುರಿನ ಅಳತೆಗೆ ಬಣ್ಣ ಹಚ್ಚಿ, ಲ್ಯಾಂಪಿನಲ್ಲಿ ಇಟ್ಟು, ಆರಿದ ಮೇಲೆ ಚಿಮಟದಿಂದ ಎತ್ತಿ ಮಗುಚಿ ನೋಡುವುದು. ಪೂರ್ತಿ ಗಟ್ಟಿಯಾಗಿದ್ದರೆ ತುಂಡು ಇಡಿಯಾಗಿ ಎದ್ದು ಬರುತ್ತದೆ, ಕಾಗದದ ಮೇಲೆ ಏನೂ ಉಳಿಯುವುದಿಲ್ಲ. ಇಲ್ಲದಿದ್ದರೆ ಅಡಿಭಾಗ ಮಿಣಮಿಣ ಅನ್ನುತ್ತಿರುತ್ತದೆ, ಕಡ್ಡಿಯಿಂದ ಗೀರಿದರೆ ಹಸಿ ಬಣ್ಣ ಕಡ್ಡಿಗೆ ಮೆತ್ತುತ್ತದೆ. ಹೊಸ ಬಾಟಲಿ, ಹೊಸ ಲ್ಯಾಂಪ್ ಯಾವುದೇ ಬಂದರೂ ಉಗುರಿಗೆ ಹಾಕುವ ಮೊದಲು ಇದನ್ನು ಮಾಡಿ ಅಂತ ನಾನು ಎಲ್ಲರಿಗೂ ಹೇಳುತ್ತೇನೆ. ಐದು ನಿಮಿಷದ ಕೆಲಸ ಅಷ್ಟೇ.

ಈಗ ಲ್ಯಾಂಪ್‌ಗಳು. ಮೊದಲನೆಯದು ಮಡಚುವ ಪುಟ್ಟ ಎಲ್‌ಇಡಿ ಲ್ಯಾಂಪ್, ಸೆಟ್‌ಗಳ ಜೊತೆ ಬರುವ 6 ವ್ಯಾಟಿನದು. ಎರಡನೆಯದು ನಾಲ್ಕು ಟ್ಯೂಬ್ ಇರುವ ಹಳೇ ಕಾಲದ ಯುವಿ ಲ್ಯಾಂಪ್, ಒಂದೊಂದು ಟ್ಯೂಬ್ 9 ವ್ಯಾಟ್, ಒಟ್ಟು 36. ಮೂರನೆಯದು ಇಡೀ ಕೈ ಒಳಗೆ ಹೋಗುವ 48 ವ್ಯಾಟಿನ ಎಲ್‌ಇಡಿ ಲ್ಯಾಂಪ್, 365 ಮತ್ತು 405 ನ್ಯಾನೋಮೀಟರ್ ಎರಡೂ ತರಂಗದ (ಅಂದರೆ ತರಂಗಾಂತರದ) ಬೆಳಕು ಇರುವಂಥದ್ದು. ಮೂರಕ್ಕೂ ಅದೇ ತಿಳಿ ಗುಲಾಬಿ, ಅದೇ ಕಪ್ಪು, ಅದೇ ಬೇಸ್ ಕೋಟ್.

ಪುಟ್ಟ ಲ್ಯಾಂಪಿನಲ್ಲಿ ತಿಳಿ ಗುಲಾಬಿ ತೆಳ್ಳಗೆ ಹಚ್ಚಿದಾಗ ಚೆನ್ನಾಗಿಯೇ ಬಂತು. ಕಪ್ಪು ಬರಲಿಲ್ಲ. ಮೇಲೆ ಹೊಳಪು, ಮಗುಚಿದರೆ ಹಸಿ. ಇನ್ನೊಂದು ಸುತ್ತು ಹಾಕಿದೆ, ಮತ್ತೊಂದು ಹಾಕಿದೆ, ಅಡಿಭಾಗ ಹಾಗೇ ಇತ್ತು. ಈ ಲ್ಯಾಂಪಿನಲ್ಲಿ ಬೆಳಕಿನ ಕಾಳುಗಳು (ಪುಟ್ಟ ಎಲ್‌ಇಡಿ ಬಲ್ಬುಗಳು) ಕೆಲವೇ, ಅವೂ ನೇರ ಮೇಲಿನಿಂದ ಬೀಳುತ್ತವೆ, ಉಗುರಿನ ಅಂಚುಗಳಿಗೆ ಓರೆಯಾಗಿ ಸಿಗುವುದು ಅಷ್ಟಕ್ಕಷ್ಟೇ. ನಾಲ್ಕು ಬೆರಳು ಒಟ್ಟಿಗೆ ಇಟ್ಟರೆ ಕಿರುಬೆರಳಿನ ಹೊರ ಅಂಚು ಪ್ರತಿ ಸಲವೂ ಕೈಕೊಟ್ಟಿತು. ಒಂದೊಂದೇ ಬೆರಳು ಇಟ್ಟಾಗ ಎಷ್ಟೋ ವಾಸಿ. ಇದನ್ನು ಲ್ಯಾಪ್‌ಟಾಪಿನ ಯುಎಸ್‌ಬಿಗೆ ಚುಚ್ಚುವವರು ಜಾಸ್ತಿ, ಅಲ್ಲೇ ಇನ್ನೊಂದು ಹೊಡೆತ. ಹಳೆಯ ಮಾದರಿಯ ಯುಎಸ್‌ಬಿ ಪೋರ್ಟ್ 5 ವೋಲ್ಟಿನಲ್ಲಿ ಅರ್ಧ ಆಂಪಿಯರ್ ಕೊಡುತ್ತದೆ, ಅಂದರೆ 2.5 ವ್ಯಾಟ್. 6 ವ್ಯಾಟ್ ಕೇಳುವ ಲ್ಯಾಂಪಿಗೆ ಅದು ಎಲ್ಲಿ ಸಾಕಾಗುತ್ತದೆ? ಲ್ಯಾಂಪ್ ಉರಿಯುತ್ತದೆ, ನೀಲಿ ಬೆಳಕು ಕಾಣುತ್ತದೆ, ಆದರೆ ಬೇಕಾದಷ್ಟು ಇರುವುದಿಲ್ಲ. ಫೋನಿನ ಒಳ್ಳೆಯ ಚಾರ್ಜರಿಗೆ ಹಾಕಿ.

ಟ್ಯೂಬ್ ಲ್ಯಾಂಪ್ ಬಗ್ಗೆ ನನಗೆ ಗೌರವ ಇದೆ. ನಿಧಾನ, ಒಂದು ಕೋಟಿಗೆ ಎರಡು ನಿಮಿಷ. ಆದರೆ ಅದರ ಬೆಳಕು ಅಗಲವಾಗಿ ಹರಡುತ್ತದೆ, ಸುತ್ತಲೂ ಕನ್ನಡಿಯಂಥ ತಗಡು ಇರುವುದರಿಂದ ಅಂಚುಗಳಿಗೂ ಸಿಗುತ್ತದೆ. ಹೊಸ ಟ್ಯೂಬ್ ಹಾಕಿದಾಗ ಗುಲಾಬಿ, ತೆಳು ಕಪ್ಪು ಎರಡೂ ಅಡಿವರೆಗೆ ಗಟ್ಟಿಯಾದವು. ಹಳೇ ಟ್ಯೂಬ್‌ಗಳನ್ನು ವಾಪಸ್ ಹಾಕಿ ಅದೇ ಪರೀಕ್ಷೆ ಮಾಡಿದಾಗ ಕಪ್ಪು ಸೋತಿತು. ಕಣ್ಣಿಗೆ ಎರಡೂ ಒಂದೇ ಥರ ಉರಿಯುತ್ತಿದ್ದವು! ಟ್ಯೂಬಿನ ಯುವಿ ಬಳಸುತ್ತಾ ಬಳಸುತ್ತಾ ಇಳಿಯುತ್ತದೆ, ಕಣ್ಣಿಗೆ ಕಾಣುವ ನೀಲಿ ಮಾತ್ರ ಹಾಗೇ ಇದ್ದಂತೆ ತೋರುತ್ತದೆ. ಆದ್ದರಿಂದ ಟ್ಯೂಬ್ ಸುಟ್ಟುಹೋಗಲಿ ಅಂತ ಕಾಯುತ್ತಾ ಕೂರಬೇಡಿ, ಬದಲಿಸುವಾಗ ನಾಲ್ಕನ್ನೂ ಒಟ್ಟಿಗೆ ಬದಲಿಸಿ.

ದೊಡ್ಡ ಎಲ್‌ಇಡಿ ಗೆದ್ದಿತು, ಅದರಲ್ಲಿ ಅನುಮಾನವಿಲ್ಲ. 60 ಸೆಕೆಂಡಿನಲ್ಲಿ ತೆಳು ಕಪ್ಪು ಅಡಿವರೆಗೂ ಗಟ್ಟಿ. ಆದರೆ ಗೆದ್ದದ್ದು 48 ವ್ಯಾಟ್ ಅನ್ನೋ ಕಾರಣಕ್ಕೆ ಅಂತ ಅಂದುಕೊಳ್ಳಬೇಡಿ. ವ್ಯಾಟ್ ಅನ್ನುವುದು ಲ್ಯಾಂಪ್ ಎಷ್ಟು ಕರೆಂಟ್ ತಿನ್ನುತ್ತದೆ ಅನ್ನುವ ಲೆಕ್ಕ. ಉಗುರಿನ ಮೇಲೆ ಎಷ್ಟು ಬೆಳಕು, ಯಾವ ತರಂಗದ ಬೆಳಕು ಬೀಳುತ್ತದೆ ಅನ್ನುವುದು ಅದರಲ್ಲಿ ಇರುವುದಿಲ್ಲ. ಜೆಲ್ಲಿನೊಳಗೆ ಫೋಟೋಇನಿಶಿಯೇಟರ್ ಅನ್ನುವ ವಸ್ತು ಇರುತ್ತದೆ, ಅದು ಬೆಳಕು ಹೀರಿದ ಮೇಲೇ ಕೆಲಸ ಶುರು. ಕೆಲವು ಹಳೆಯ ಮಾದರಿಯ, "ಯುವಿ ಮಾತ್ರ" ಅಂತ ಬರೆದಿರುವ ಜೆಲ್‌ಗಳಿಗೆ 365ರ ಆಸುಪಾಸಿನ ಬೆಳಕೇ ಬೇಕು. 405 ಒಂದೇ ಇರುವ ಲ್ಯಾಂಪಿನಲ್ಲಿ ಅವನ್ನು ಎಷ್ಟು ಹೊತ್ತು ಇಟ್ಟರೂ ವ್ಯರ್ಥ. ಎರಡೂ ತರಂಗ ಇದ್ದದ್ದರಿಂದಲೇ ನನ್ನ ದೊಡ್ಡ ಲ್ಯಾಂಪ್ ಎಲ್ಲ ಬಾಟಲಿಗಳ ಜೊತೆ ಹೊಂದಿಕೊಂಡಿತು. ಖರೀದಿ ಮಾಡುವಾಗ ವ್ಯಾಟ್ ಆಮೇಲೆ ನೋಡಿ, ತರಂಗದ ಅಂಕಿ ಮೊದಲು ನೋಡಿ. ಕಾಳುಗಳು ಪಕ್ಕದ ಗೋಡೆಗಳಲ್ಲೂ ಇವೆಯಾ ನೋಡಿ.

ದೊಡ್ಡದರಲ್ಲೂ ಹೆಬ್ಬೆರಳು ಮಾತ್ರ ಬೇರೆ. ನಾಲ್ಕು ಬೆರಳು ಚಪ್ಪಟೆಯಾಗಿ ಇಟ್ಟಾಗ ಹೆಬ್ಬೆರಳಿನ ಉಗುರು ಪಕ್ಕಕ್ಕೆ ತಿರುಗಿರುತ್ತದೆ, ಒಂದು ಅಂಚು ನೆರಳಿಗೆ ಹೋಗುತ್ತದೆ. ಎರಡೂ ಹೆಬ್ಬೆರಳನ್ನು ಕೊನೆಯಲ್ಲಿ ಜೋಡಿಸಿ, ನೇರ ಮೇಲ್ಮುಖವಾಗಿ, ಬೇರೆಯಾಗಿ ಇಡಿ. ಹೆಬ್ಬೆರಳಿನ ಪಾಲಿಶ್ ಮಾತ್ರ ಬೇಗ ಏಳುತ್ತದೆ ಅನ್ನುವವರು ಮೊದಲು ಇದನ್ನೇ ಮಾಡಿ ನೋಡಿ.

ಈಗ ನನ್ನ ಮುಖ್ಯ ಮಾತಿಗೆ ಬರುತ್ತೇನೆ, ದಪ್ಪ ಮತ್ತು ತೆಳು. ಗೆದ್ದ ಆ ದೊಡ್ಡ ಲ್ಯಾಂಪಿನಲ್ಲೇ ಕಪ್ಪನ್ನು ಒಂದೇ ದಪ್ಪ ಕೋಟ್ ಹಚ್ಚಿ ಇಟ್ಟೆ. ಹೊರಗೆ ತೆಗೆದಾಗ ಉಗುರಿನ ಬುಡದ ಹತ್ತಿರ ಸಣ್ಣ ಸಣ್ಣ ಸುಕ್ಕು. ಕಡ್ಡಿ ಒತ್ತಿದರೆ ಮೇಲಿನ ಪೊರೆ ಜರುಗಿತು, ಕೆಳಗೆ ಹಸಿ ಬಣ್ಣ. ಅದೇ ಲ್ಯಾಂಪ್, ಅದೇ ಬಾಟಲಿ. ಕಪ್ಪು ಬಣ್ಣವೇ ಬೆಳಕನ್ನು ನುಂಗುತ್ತದೆ, ಮೇಲಿನ ಪೊರೆ ಗಟ್ಟಿಯಾಗುವ ಹೊತ್ತಿಗೂ ಕೆಳಕ್ಕೆ ತಲುಪುವುದು ಏನೂ ಇರುವುದಿಲ್ಲ. ಹಾಗಿದ್ದಾಗ ಒಂದು ನಿಮಿಷ ಜಾಸ್ತಿ ಇಟ್ಟರೆ ಏನು ಪ್ರಯೋಜನ? ಇಟ್ಟೆ, ಸುಕ್ಕು ಹಾಗೇ ಇತ್ತು, ಅಡಿಯೂ ಹಾಗೇ. ಅದೇ ಬಣ್ಣವನ್ನು ಮೂರು ತೆಳು ಕೋಟ್ ಮಾಡಿ ಒಂದೊಂದಕ್ಕೂ ಬೇರೆ ಬೇರೆ ಬೆಳಕು ಕೊಟ್ಟಾಗ ಸುಕ್ಕಿಲ್ಲ, ಹಸಿ ಇಲ್ಲ, ಕಾಗದದಿಂದ ಗರಿಗರಿಯಾಗಿ ಎದ್ದು ಬಂತು. ಸೋತಿದ್ದ ಪುಟ್ಟ ಲ್ಯಾಂಪಿನಲ್ಲೂ ಒಂದೊಂದೇ ಬೆರಳು, ತೀರಾ ತೆಳು ಕೋಟ್, ಎರಡು ಸುತ್ತು ಅಂತ ಮಾಡಿದಾಗ ಕಪ್ಪು ಕೂಡ ದಾರಿಗೆ ಬಂತು. ಟೈಮ್ ಜಾಸ್ತಿ ಮಾಡಿದ್ದು ಕೆಲಸಕ್ಕೆ ಬಂದದ್ದು ಅಲ್ಲಿ ಮಾತ್ರ, ಅದೂ ಕೋಟ್ ತೆಳುವಾದ ಮೇಲೆ.

ತೆಳು ಅಂದರೆ ಎಷ್ಟು ತೆಳು? ಬ್ರಷ್‌ನ ಒಂದು ಬದಿಯನ್ನು ಬಾಟಲಿಯ ಬಾಯಿಗೆ ಪೂರ್ತಿ ಒರೆಸಿ, ಇನ್ನೊಂದು ಬದಿಯಲ್ಲಿ ಉಳಿದಷ್ಟೇ ಹಚ್ಚಬೇಕು. ಮೊದಲ ಕೋಟ್ ಗೆರೆಗೆರೆಯಾಗಿ ಕಾಣಬೇಕು, ಉಗುರು ಅಲ್ಲಲ್ಲಿ ಇಣುಕಬೇಕು. ನೋಡುವುದಕ್ಕೆ ಚೆನ್ನಾಗಿರುವುದಿಲ್ಲ, ಕೈ ತಾನಾಗಿಯೇ ಇನ್ನೊಂಚೂರು ಬಣ್ಣಕ್ಕೆ ಹೋಗುತ್ತದೆ. ತಡೆಯಿರಿ. ಎರಡನೇ ಕೋಟಿನಲ್ಲಿ ಮುಚ್ಚುತ್ತದೆ, ಮೂರನೆಯದರಲ್ಲಿ ತುಂಬುತ್ತದೆ. ಬಿಳಿ, ಕಡು ನೀಲಿ, ಹಳದಿ, ನಿಯಾನ್ ಬಣ್ಣಗಳಿಗೂ ಇದೇ ನಿಯಮ. ಬಿಳಿ ಬೆಳಕನ್ನು ಚದುರಿಸಿಬಿಡುತ್ತದೆ, ಹಳದಿ ನೀಲಿ ಬೆಳಕನ್ನೇ ಹೀರಿಕೊಳ್ಳುತ್ತದೆ. ಬಾಟಲಿ ಬಹಳ ದಿನ ಸುಮ್ನೆ ನಿಂತಿದ್ದರೆ ಬಣ್ಣ ತಳಕ್ಕೆ ಇಳಿದಿರುತ್ತದೆ. ಅಂಗೈಗಳ ನಡುವೆ ಹೊರಳಿಸಿ ಬೆರೆಸಿ, ಜೋರಾಗಿ ಕುಲುಕಿದರೆ ಗುಳ್ಳೆ ಬರುತ್ತದೆ. ಚಳಿಗೆ ಜೆಲ್ ಮಂದವಾಗಿ, ಬೇಡ ಅಂದರೂ ದಪ್ಪಗೆ ಕೂರುತ್ತದೆ, ಅಂಥ ದಿನ ಬಾಟಲಿಯನ್ನು ಸ್ವಲ್ಪ ಹೊತ್ತು ಕೈಯಲ್ಲಿ ಹಿಡಿದು ಬೆಚ್ಚಗೆ ಮಾಡಿಕೊಳ್ಳಿ.

ಒಂದೇ ಸೆಟ್ ಮತ್ತು ಬೆರಕೆ ಸೆಟ್ ಹೋಲಿಕೆಯಲ್ಲಿ ಫಲಿತಾಂಶ ಅಷ್ಟು ನೇರವಾಗಿರಲಿಲ್ಲ. ಬೇಸ್ ಒಂದು ಕಂಪನಿಯದು, ಬಣ್ಣ ಇನ್ನೊಂದರದು ಹಾಕಿದಾಗ ದೊಡ್ಡ ಲ್ಯಾಂಪಿನಲ್ಲಿ ತೊಂದರೆ ಕಾಣಲಿಲ್ಲ. ಟಾಪ್ ಕೋಟ್ ಬೇರೆಯದು ಹಾಕಿದಾಗ ಕಂಡಿತು: ಒರೆಸಿದ ತಕ್ಷಣ ಹೊಳಪು ಮಂಕಾಯಿತು. ಟಾಪ್ ಕೋಟ್ ಪೂರ್ತಿ ಗಟ್ಟಿಯಾಗಿಲ್ಲ ಅನ್ನುವುದಕ್ಕೆ ಅದು ಒಂದು ಗುರುತು. (ಲ್ಯಾಂಪಿನಿಂದ ತೆಗೆದು ಬಿಸಿಯಿದ್ದಾಗಲೇ ಒರೆಸಿದರೂ ಮಂಕಾಗುತ್ತದೆ, ಆದ್ದರಿಂದ ಅರ್ಧ ನಿಮಿಷ ಬಿಟ್ಟು ಒರೆಸಿ.) ಒಂದೊಂದು ಬಾಟಲಿಗೂ ಬೇರೆ ಬೇರೆ ಸಮಯ ಬರೆದಿರುತ್ತದೆ, ಬೆರಕೆ ಮಾಡಿದಾಗ ಅದನ್ನು ಯಾರೂ ನೋಡುವುದಿಲ್ಲ ಅಲ್ವಾ? ಇದರ ಜೊತೆಗೆ ಇನ್ನೊಂದು ಬದಲಾವಣೆ ನಡೆದಿದೆ. ಎಷ್ಟೋ ಜೆಲ್‌ಗಳಲ್ಲಿ ಬಳಸುತ್ತಿದ್ದ ಟಿಪಿಓ ಅನ್ನುವ ಫೋಟೋಇನಿಶಿಯೇಟರನ್ನು ಯುರೋಪಿಯನ್ ಒಕ್ಕೂಟ 2025ರ ಸೆಪ್ಟೆಂಬರ್ 1ರಿಂದ ಸೌಂದರ್ಯವರ್ಧಕಗಳಲ್ಲಿ ನಿಷೇಧಿಸಿದೆ. ಅಲ್ಲಿಗೆ ಮಾರುವ ಕಂಪನಿಗಳು ಅದರ ಜಾಗಕ್ಕೆ ಬೇರೆ ವಸ್ತು ಹಾಕಬೇಕಾಯಿತು. ಹೆಸರು, ಬಣ್ಣದ ನಂಬರ್ ಎರಡೂ ಅದೇ ಇದ್ದರೂ ಹೊಸ ಬಾಟಲಿ ಹಳೆಯದರಂತೆಯೇ ನಡೆದುಕೊಳ್ಳುತ್ತದೆ ಅಂತ ಲೆಕ್ಕ ಹಾಕಬೇಡಿ, ಬಾಟಲಿಯ ಮೇಲಿನ ಸಮಯ ಮತ್ತೆ ಓದಿ, ಕಾಗದದ ಪರೀಕ್ಷೆ ಮತ್ತೆ ಮಾಡಿ.

ಒರೆಸುವ ಟಾಪ್ ಕೋಟಾ, ಒರೆಸದ ಟಾಪ್ ಕೋಟಾ? ಒರೆಸದ್ದು ಅಂದರೆ ಗಟ್ಟಿಯಾದ ಮೇಲೆ ಅಂಟು ಪದರ ಉಳಿಸದಂಥದ್ದು. ಲ್ಯಾಂಪ್ ಚೆನ್ನಾಗಿದ್ದರೆ ಅದು ಸುಲಭ. ಲ್ಯಾಂಪಿನ ಮೇಲೆ ಅನುಮಾನ ಇದ್ದರೆ ಅದನ್ನೇ ಬಳಸಿ ನೋಡಿ, ಏಕೆಂದರೆ ಅದರಲ್ಲಿ ಅಂಟು ಉಳಿದರೆ ಎಲ್ಲೋ ಏನೋ ಸರಿ ಇಲ್ಲ ಅಂತ ನೇರವಾಗಿ ಗೊತ್ತಾಗುತ್ತದೆ.

ಈಗಾಗಲೇ ಉಗುರಿನ ಮೇಲೆ ಕೂತಿರುವ ಹಸಿ ಜೆಲ್ ಏನು ಮಾಡುವುದು? ಮತ್ತೆ ಲ್ಯಾಂಪಿಗೆ ಇಡುವುದು, ಮೇಲೆ ಟಾಪ್ ಕೋಟ್ ಹಾಕಿ ಮುಚ್ಚುವುದು, ಪೂರ್ತಿ ತೆಗೆದು ಮತ್ತೆ ಹಾಕುವುದು, ಮೂರೂ ದಾರಿ ಜನ ಹೇಳುತ್ತಾರೆ. ಲ್ಯಾಂಪ್ ಮಧ್ಯದಲ್ಲಿ ಆರಿಹೋಗಿತ್ತು, ಕೈ ಬೇಗ ತೆಗೆದಿರಿ, ಅಂಥದ್ದಾದರೆ ಮತ್ತೆ ಇಡಿ, ಸಾಕು. ಸುಕ್ಕು ಬಂದಿದ್ದರೆ, ಒತ್ತಿದಾಗ ಜರುಗಿದರೆ ತೆಗೆಯಲೇಬೇಕು. ಮುಚ್ಚುವ ದಾರಿಯನ್ನು ನಾನು ಯಾರಿಗೂ ಹೇಳುವುದಿಲ್ಲ. ಹೊಳಪು ಬಂದು ಎಲ್ಲ ಸರಿ ಅನ್ನಿಸುತ್ತದೆ, ಕೆಳಗೆ ಹಸಿ ಜೆಲ್ ಉಗುರಿಗೂ ಪಕ್ಕದ ಚರ್ಮಕ್ಕೂ ತಾಗುತ್ತಾ ದಿನಗಟ್ಟಲೆ ಕೂತಿರುತ್ತದೆ.

ಇದು ಬರೀ ಅಂದದ ವಿಷಯ ಅಲ್ಲ, ಅದಕ್ಕೇ ಇಷ್ಟು ಒತ್ತಿ ಹೇಳುತ್ತಿದ್ದೇನೆ. ಜೆಲ್‌ಗಳಲ್ಲಿ ಇರುವ ಹೇಮಾ (HEMA) ಥರದ, ಮೆಥಾಕ್ರಿಲೇಟ್ ಅನ್ನುವ ರಾಸಾಯನಿಕಗಳು ಹಸಿಯಾಗಿ ಚರ್ಮಕ್ಕೆ ಪದೇ ಪದೇ ತಾಗಿದರೆ ಅಲರ್ಜಿ ಬರಬಹುದು. ಉಗುರಿನ ಸುತ್ತ ತುರಿಕೆ, ಕೆಂಪು, ನೀರುಗುಳ್ಳೆ, ಕೆಲವರಿಗೆ ಕಣ್ಣಿನ ರೆಪ್ಪೆಯ ಮೇಲೂ. ಒಮ್ಮೆ ಬಂದರೆ ಸಾಮಾನ್ಯವಾಗಿ ಜೀವನಪೂರ್ತಿ ಉಳಿಯುತ್ತದೆ. ಹಲ್ಲು ತುಂಬಿಸುವ ವಸ್ತುಗಳಲ್ಲೂ ಇದೇ ಕುಟುಂಬದ ರಾಸಾಯನಿಕಗಳು ಇರುತ್ತವೆ, ಆದ್ದರಿಂದ ಉಗುರಿನಿಂದ ಶುರುವಾದದ್ದು ದಂತವೈದ್ಯರ ಕುರ್ಚಿಯವರೆಗೂ ಹೋಗಬಹುದು. ತುರಿಕೆ ಶುರುವಾದರೆ ಪಾಲಿಶ್ ನಿಲ್ಲಿಸಿ, ಚರ್ಮದ ವೈದ್ಯರಿಗೆ ತೋರಿಸಿ. ಬಣ್ಣ ಹಚ್ಚುವಾಗ ಚರ್ಮಕ್ಕೆ ತಾಗಿದರೆ ಲ್ಯಾಂಪಿಗೆ ಇಡುವ ಮೊದಲೇ ಕಡ್ಡಿಯಿಂದ ಒರೆಸಿ.

ತೆಗೆಯುವಾಗ ಹಸಿ ಜೆಲ್ ಮೇಲೆ ಫೈಲ್ ಉಜ್ಜಬೇಡಿ, ಅದರ ಪುಡಿ ಕೈಗೆ, ಮುಖಕ್ಕೆ ಎಲ್ಲ ಕಡೆ ಹಾರುತ್ತದೆ. ನೈಟ್ರೈಲ್ ಗ್ಲೌಸ್ ಹಾಕಿ, ಮೇಲಿನ ಪೊರೆಯನ್ನು ಮರದ ಕಡ್ಡಿಯಿಂದ ಮೆಲ್ಲಗೆ ಎತ್ತಿ, ಹಸಿ ಭಾಗವನ್ನು ನೂಲು ಬಿಡದ ಪ್ಯಾಡಿಗೆ ಐಸೊಪ್ರೊಪೈಲ್ ಹಾಕಿ ಒರೆಸಿ. ಬುಡದಿಂದ ತುದಿಯ ಕಡೆಗೆ ಒರೆಸಬೇಕು, ಚರ್ಮದ ಕಡೆಗೆ ತಳ್ಳಬಾರದು. ಗ್ಲೌಸಿಗೆ ಜೆಲ್ ಮೆತ್ತಿಕೊಂಡರೆ ತಕ್ಷಣ ಬದಲಿಸಿ, ಅದು ಗ್ಲೌಸನ್ನೂ ದಾಟಿ ಒಳಗೆ ಬರುತ್ತದೆ. ಕೆಳಗೆ ಗಟ್ಟಿಯಾಗಿರುವ ಬೇಸ್ ಕೋಟಿಗೆ ಅಸಿಟೋನ್‌ನಲ್ಲಿ ಅದ್ದಿದ ಹತ್ತಿ ಇಟ್ಟು ಫಾಯಿಲ್ ಸುತ್ತಿ, 10ರಿಂದ 15 ನಿಮಿಷ ಬಿಡಿ. ತಾನಾಗಿ ಮೆತ್ತಗಾಗಿ ಏಳುತ್ತದೆ. ಏಳದಿದ್ದರೆ ಇನ್ನೈದು ನಿಮಿಷ ಸುತ್ತಿಡಿ, ಕೆರೆಯಬೇಡಿ, ಕೆರೆದರೆ ಉಗುರಿನ ಪದರವೂ ಜೊತೆಗೆ ಬರುತ್ತದೆ. ಒರೆಸಿದ ಹಸಿ ಪ್ಯಾಡುಗಳನ್ನು ಹಾಗೇ ಬಿಸಾಡುವ ಬದಲು ಬಿಡಿಸಿ ಲ್ಯಾಂಪಿನ ಕೆಳಗೆ ಹಿಡಿದು ಗಟ್ಟಿ ಮಾಡಿ ಕಸಕ್ಕೆ ಹಾಕಿ, ಆಮೇಲೆ ಲ್ಯಾಂಪಿನ ಒಳಗೂ ಒಮ್ಮೆ ನೋಡಿ: ಯಾವುದಾದರೂ ಕಾಳಿನ ಮೇಲೆ ಹಳೇ ಜೆಲ್ ಅಂಟಿ ಕೂತಿದ್ದರೆ ಆ ಜಾಗದ ಬೆರಳಿಗೆ ಬೆಳಕು ಸಿಗುತ್ತಿಲ್ಲ, ಪ್ಲಗ್ ತೆಗೆದು ಐಸೊಪ್ರೊಪೈಲ್‌ನಲ್ಲಿ ಒರೆಸಿಬಿಡಿ.